ಪತ್ರದ ಬೆನ್ನಿನ ಬರಹ

ಸಾಲ ಕೊಟ್ಟವನನ್ನು ಉತ್ತಮರ್ಣನೆಂದೂ ಪಡೆದವನನ್ನು ಅಧಮರ್ಣನೆಂದೂ ಕರೆಯುವುದು ನಮ್ಮ ಶಾಸ್ತ್ರಗ್ರಂಥಗಳ ರೂಢಿ. ಹೆಸರಿಡುವಾಗಲೇ ಒಬ್ಬನಿಗೆ ಎತ್ತರದ ಮಣೆ, ಇನ್ನೊಬ್ಬನಿಗೆ ಬರಿಯ ನೆಲ. ಈ ಇಬ್ಬರ ನಡುವೆ ಕುಳಿತ ನ್ಯಾಯಪೀಠವು, ಕೊಡಬೇಕಾದದ್ದು ನಿಜ, ಆದರೆ ಶಕ್ತಿಯರಿತು ಕಂತುಗಳಲ್ಲಿ ಕೊಡಲಿ ಎಂದು ವಿಧಿಸುವುದನ್ನು ಕಲಿತ ಬಗೆ ಕುತೂಹಲಕರವಾದುದು. ಆ ಕಥೆಯ ಒಂದು ತುದಿ ನಮ್ಮ ನಾಡಿನಲ್ಲಿಯೇ ಇದೆ.

ಆರನೆಯ ವಿಕ್ರಮಾದಿತ್ಯನ ಆಳಿಕೆಯಲ್ಲಿ (1076–1126) ಕಲ್ಯಾಣದಲ್ಲಿದ್ದ ವಿಜ್ಞಾನೇಶ್ವರನು ಯಾಜ್ಞವಲ್ಕ್ಯ ಸ್ಮೃತಿಗೆ ‘ಮಿತಾಕ್ಷರಾ’ ಎಂಬ ವ್ಯಾಖ್ಯಾನವನ್ನು ಬರೆದನು. ಇಂದಿನ ಬೀದರ ಜಿಲ್ಲೆಯ ಬಸವಕಲ್ಯಾಣವೇ ಆ ಕಲ್ಯಾಣ. ದಾಯವಿಭಾಗಕ್ಕಾಗಿ ಈ ಗ್ರಂಥ ಪ್ರಸಿದ್ಧ. ಆದರೆ ಅದರ ಋಣಪ್ರಕರಣವೂ ಗಮನಾರ್ಹ. ಸಾಲವನ್ನು ಒಮ್ಮೆಗೇ ತೀರಿಸಲಾಗದವನು ಕೊಟ್ಟಷ್ಟನ್ನು ಕೊಟ್ಟಾಗಲೆಲ್ಲ ಸಾಲಪತ್ರದ ಬೆನ್ನಿನ ಮೇಲೆ ಬರೆಯಬೇಕು. ಇಲ್ಲವೇ ಧನಿಕನು ತನ್ನ ಕೈಬರಹದ ರಸೀದಿಯನ್ನು ಕೊಡಬೇಕು. ಪೂರ್ತಿ ಸಂದಮೇಲೆ ಪತ್ರವನ್ನು ಹರಿದುಹಾಕಬೇಕು ಎಂಬುದು ಸ್ಮೃತಿಯ ವಿಧಿ. ‘ಋಣ ಹರಿಯಿತು’ ಎಂಬ ನಮ್ಮ ಮಾತಿಗೆ ಇಲ್ಲಿ ಅಕ್ಷರಶಃ ಅರ್ಥವುಂಟು.

ಇಷ್ಟಕ್ಕೇ ಹಿಗ್ಗುವಂತಿಲ್ಲ. ಅದೇ ಪ್ರಕರಣದಲ್ಲಿ ಇನ್ನೊಂದು ವಿಧಿಯಿದೆ. ನಿರ್ಗತಿಕನಾದ ಬ್ರಾಹ್ಮಣನು ಆದಾಯ ಬಂದಂತೆ ಮೆಲ್ಲಮೆಲ್ಲನೆ ತೀರಿಸಬಹುದು. ಕೀಳೆನಿಸಿದ ಜಾತಿಯ ನಿರ್ಗತಿಕನಿಂದಾದರೋ ಸಾಲಕ್ಕಾಗಿ ದುಡಿಸಿಕೊಳ್ಳಬೇಕು. ಒಬ್ಬನಿಗೆ ಕಾಲಾವಕಾಶ, ಮತ್ತೊಬ್ಬನಿಗೆ ಮೈದುಡಿತ. ಕಂತೆಂಬ ಕರುಣೆ ಹುಟ್ಟಿದಾಗಲೇ ಅದಕ್ಕೆ ಜಾತಿಯ ಬೇಲಿಯಿತ್ತು. ಸಾಲಕ್ಕಾಗಿ ಮೈಯನ್ನೇ ಒತ್ತೆಯಿಡಿಸುವ ಜೀತವನ್ನು ಇಡೀ ದೇಶದಲ್ಲಿ ರದ್ದುಪಡಿಸಿದ ಕಾನೂನು ಬಂದದ್ದು 1976ರಲ್ಲಿ ಎಂಬುದನ್ನು ನೆನೆದರೆ ಆ ಬೇಲಿಯ ಆಯುಸ್ಸು ತಿಳಿದೀತು.

ಹತ್ತೊಂಬತ್ತನೆಯ ಶತಮಾನಕ್ಕೆ ಬರೋಣ. ಅಮೆರಿಕದ ಅಂತರ್ಯುದ್ಧದ ಕಾಲದಲ್ಲಿ (1861–65) ದಖ್ಖಣದ ಹತ್ತಿಗೆ ಚಿನ್ನದ ಬೆಲೆ ಬಂದಿತು, ಸಾಲವೂ ಸಲೀಸಾಗಿ ಹುಟ್ಟಿತು. ಯುದ್ಧ ಮುಗಿಯಿತು, ಬೆಲೆ ಇಳಿಯಿತು. ಕಂದಾಯ ಮಾತ್ರ ಏರಿತು. ಹಳೆಯ ಸಾಲದ ದಾವೆಗೆ ಕಾಲಮಿತಿ ಹಾಕಿದ 1859ರ ಕಾನೂನು ರೈತನ ರಕ್ಷಣೆಗೆಂದೇ ಬಂದದ್ದು. ಸಾಹುಕಾರನು ಅವಧಿ ಮುಗಿಯುವ ಮೊದಲೇ ಬಡ್ಡಿಯನ್ನು ಅಸಲಿಗೆ ಸೇರಿಸಿ ಹೊಸ ಪತ್ರ ಬರೆಯಿಸಿಕೊಂಡನು. ಓದು ಬಾರದ ರೈತ ಹೆಬ್ಬೆಟ್ಟು ಒತ್ತಿದನು. ಕೋರ್ಟು ಪತ್ರವನ್ನು ನೋಡಿತೇ ಹೊರತು ಪತ್ರದ ಹಿಂದಿನ ಇತಿಹಾಸವನ್ನು ನೋಡಲಿಲ್ಲ. ಎಷ್ಟೋ ವೇಳೆ ಪ್ರತಿವಾದಿ ಹಾಜರಾಗದೆಯೇ ಡಿಕ್ರಿಯಾಗುತ್ತಿತ್ತು.

1875ರ ಮೇ 12ರಂದು ಪುಣೆ ಜಿಲ್ಲೆಯ ಸುಪೆಯಲ್ಲಿ ಸಹನೆ ಕಟ್ಟೆಯೊಡೆಯಿತು. ಪುಣೆ, ಅಹಮದನಗರ ಜಿಲ್ಲೆಗಳ ಹಳ್ಳಿಗಳಿಗೆ ದಂಗೆ ಹಬ್ಬಿತು. ದಂಗೆಕೋರರು ಮುಖ್ಯವಾಗಿ ಅರಸಿದ್ದು ಸಾಹುಕಾರರ ಪ್ರಾಣವನ್ನಲ್ಲ, ಪತ್ರಗಳನ್ನು ಮತ್ತು ಡಿಕ್ರಿಗಳನ್ನು. ಸಂದಾಯವಾದಾಗ ಹರಿಯಬೇಕಾಗಿದ್ದ ಪತ್ರ, ಎಷ್ಟು ಸಂದರೂ ಹರಿಯದೆ ಉಳಿದಾಗ, ಅದಕ್ಕೆ ಬೆಂಕಿಯೇ ಗತಿಯಾಯಿತು.

ವಿಚಾರಣಾ ಆಯೋಗದ ವರದಿಯ ಬೆನ್ನಲ್ಲಿ 1879ರಲ್ಲಿ ದಖ್ಖಣ ಕೃಷಿಕರ ಪರಿಹಾರ ಕಾನೂನು ಬಂದಿತು. ಮೊದಲು ಪುಣೆ, ಸಾತಾರಾ, ಸೊಲ್ಲಾಪುರ, ಅಹಮದನಗರಗಳಿಗೆ ಅನ್ವಯಿಸಿದ ಅದು ಮುಂದೆ ಮುಂಬಯಿ ಪ್ರಾಂತದ ಕನ್ನಡ ಜಿಲ್ಲೆಗಳಿಗೂ ಬಂದಿತು. ನ್ಯಾಯಾಧೀಶನು ಸಾಲದ ವ್ಯವಹಾರವನ್ನು ಮೊದಲಿನಿಂದ ಕೆದಕಿ ನೋಡಬೇಕು. ಡಿಕ್ರಿಯ ಹಣಕ್ಕೆ ಕಂತು ಗೊತ್ತುಪಡಿಸಬಹುದು. ಹಣದ ಡಿಕ್ರಿಗಾಗಿ ಕೃಷಿಕನನ್ನು ಸೆರೆಗೆ ಹಾಕುವಂತಿಲ್ಲ. ರೈತ ಕೇಳಿದರೆ ಸಾಹುಕಾರ ರಸೀದಿಯನ್ನೂ ಲೆಕ್ಕದ ಪುಸ್ತಕವನ್ನೂ ಕೊಡಬೇಕು ಎಂದು ಅದು ವಿಧಿಸಿತು. ಕಲ್ಯಾಣದ ವ್ಯಾಖ್ಯಾನಕಾರನಿಗೆ ಈ ಕೊನೆಯ ಮಾತು ಅಪರಿಚಿತವೆನಿಸುತ್ತಿರಲಿಲ್ಲ. ಹೊಸದಾದದ್ದು ಇಷ್ಟು: ಕಂತಿನ ಹಕ್ಕಿಗೆ ಈಗ ಹುಟ್ಟಿದ ಜಾತಿಯ ಬದಲು ನೇಗಿಲಿನ ದುಡಿಮೆ ಆಧಾರವಾಯಿತು. 1928ರಲ್ಲಿ ಮೈಸೂರು ಸಂಸ್ಥಾನವೂ ಕೃಷಿಕರ ಪರಿಹಾರಕ್ಕೆ ತನ್ನದೇ ಕಾನೂನನ್ನು ಮಾಡಿತು.

ಚಾಪೆಯ ಕೆಳಗೆ ನುಸುಳುವವರು ಆಗಲೂ ಇದ್ದರು. ಅಡವು ಪತ್ರಕ್ಕೆ ಕಾನೂನಿನ ಕಣ್ಣು ಬಿದ್ದೊಡನೆ ಕೆಲವು ಸಾಹುಕಾರರು ಅದೇ ವ್ಯವಹಾರವನ್ನು ಕ್ರಯಪತ್ರವಾಗಿ ಬರೆಯಿಸಿಕೊಳ್ಳತೊಡಗಿದರು. ಕಂತು ಕೊಡಬೇಕಾದ ಸಾಲವೇ ಕಾಗದದ ಮೇಲೆ ಇಲ್ಲವಾಯಿತು, ಹೊಲವೂ ಹೋಯಿತು. ಇದನ್ನು ತಡೆಯಲು ಕಾನೂನನ್ನು ಮತ್ತೆ ತಿದ್ದಬೇಕಾಯಿತು.

ಇಂದಿಗೂ ಜಾರಿಯಲ್ಲಿರುವ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ ಇಪ್ಪತ್ತನೆಯ ಆದೇಶದ ಹನ್ನೊಂದನೆಯ ನಿಯಮ ಎಲ್ಲ ಸಾಲಗಾರರಿಗೂ ಸಲ್ಲುತ್ತದೆ. ತಕ್ಕ ಕಾರಣವಿದ್ದರೆ ಡಿಕ್ರಿ ಮಾಡುವಾಗಲೇ ಕೋರ್ಟು ಕಂತುಗಳನ್ನು ಗೊತ್ತುಪಡಿಸಬಹುದು. ಡಿಕ್ರಿಯಾದಮೇಲೆ ಬೇಡಿದರೆ ಮಾತ್ರ ಸಾಲ ಕೊಟ್ಟವನ ಒಪ್ಪಿಗೆ ಬೇಕು. ಆದುದರಿಂದ ಕೋರ್ಟಿಗೆ ಹೆದರಿ ಮನೆಯಲ್ಲಿ ಕುಳಿತವನು ತನ್ನ ಹಿಡಿತವನ್ನು ತಾನೇ ಕಳೆದುಕೊಳ್ಳುತ್ತಾನೆ. ಇನ್ನು ಸೆರೆಯ ಮಾತು. ಬರಿಯ ಬಡತನಕ್ಕಾಗಿ ಸಾಲಗಾರನನ್ನು ಬಂಧಿಸುವುದು ಸಂವಿಧಾನದ 21ನೆಯ ವಿಧಿಗೆ ವಿರುದ್ಧವೆಂದು ನ್ಯಾಯಮೂರ್ತಿ ಕೃಷ್ಣ ಅಯ್ಯರ್ 1980ರಲ್ಲಿ ಜಾಲಿ ಜಾರ್ಜ್ ವರ್ಗೀಸ್ ಪ್ರಕರಣದಲ್ಲಿ ಸಾರಿದರು. ಕೊಡಬಲ್ಲವನ ಅಪ್ರಾಮಾಣಿಕತೆ ಬೇರೆ, ಕೊಡಲಾರದವನ ಅಸಹಾಯಕತೆ ಬೇರೆ.

ಕಂತು ಸಾಲವನ್ನು ಅಳಿಸುವುದಿಲ್ಲ. ಉತ್ತಮರ್ಣನ ಹಣವೂ ಅವನಿಗೆ ಮುಟ್ಟಬೇಕಾದುದೇ. ಆದರೆ ಋಣ ತೀರಿಸುವವನು ತೀರಿಸುವಷ್ಟು ಕಾಲ ಬದುಕಿ ದುಡಿಯಬೇಕಲ್ಲವೆ? ಎತ್ತನ್ನು ಹರಾಜು ಹಾಕಿದರೆ ಮುಂದಿನ ಸುಗ್ಗಿಯ ಕಂತು ಎಲ್ಲಿಂದ ಬಂದೀತು? ಕೊಟ್ಟದ್ದು ಬರಹಕ್ಕೇರುವಲ್ಲಿ, ಕೊಡುವವನಿಗೆ ಉಸಿರಾಡಲು ಬಿಡುವಿರುವಲ್ಲಿ ಪತ್ರಕ್ಕೆ ಬೆಂಕಿ ಬೀಳುವ ಕಾರಣವಿಲ್ಲ. ತನ್ನ ದಿನ ಬಂದಾಗ ಅದು ತಾನೇ ಹರಿಯುತ್ತದೆ.