2048ರ ಮಣೆಯಲ್ಲಿ ನಿರಪಾಯ ನಡೆ: ಮೂಲೆ ತಂತ್ರದ ಒಂದು ಪರಿಶೀಲನೆ

ಇಟಲಿಯ ಹತ್ತೊಂಬತ್ತರ ಯುವಕ ಗೇಬ್ರಿಯೆಲೆ ಚಿರುಲ್ಲಿ 2014ರ ಮಾರ್ಚ್ 9ರಂದು ‘2048’ ಎಂಬ ಸಂಖ್ಯೆಗಳ ಆಟವನ್ನು ಅಂತರಜಾಲಕ್ಕೆ ಬಿಟ್ಟರು. ಒಂದು ವಾರಾಂತ್ಯದಲ್ಲಿ ಬರೆದು ಮುಗಿಸಿದ ಆಟ ಅದು. ಬ್ರೌಸರ್ ತೆರೆದರೆ ಸಾಕು, ಆಡಬಹುದು. ವಾರ ತುಂಬುವುದರೊಳಗೆ ನಲವತ್ತು ಲಕ್ಷಕ್ಕೂ ಹೆಚ್ಚು ಮಂದಿ ಅದರತ್ತ ಬಂದರು. ಅದೇ ತಿಂಗಳು ಅದರ ಮೇಲೆ ಒಂದು ಆರೋಪವೂ ಬಂತು. ಫೆಬ್ರುವರಿಯಲ್ಲಷ್ಟೇ ‘ಥ್ರೀಸ್’ ಎಂಬ ಫೋನ್ ಆಟವನ್ನು ಹೊರತಂದಿದ್ದ ಆಶರ್ ವೋಲ್ಮರ್ ಮತ್ತು ಗ್ರೆಗ್ ವೋಲ್‌ವೆಂಡ್ ಅದಕ್ಕಾಗಿ ಹದಿನಾಲ್ಕು ತಿಂಗಳು ದುಡಿದಿದ್ದರು. ತಮ್ಮ ಹೊಳಹನ್ನು ಹಿಡಿದು ‘1024’ ಎಂಬ ಆಟ ಬಂತು, ಅದರ ಬೆನ್ನಿಗೇ ‘2048’ ಬಂತು ಎಂಬುದು ಅವರ ನೋವು. ಆದರೆ ಆಟದ ವಿಶ್ಲೇಷಕರಿಗೆ ಬೇಕಾದದ್ದು ಅವರ ಇನ್ನೊಂದು ಮಾತು. 2048 ದೋಷವಿರುವ ಆಟ. ಮೇಲೆ, ಬಲ, ಮೇಲೆ, ಬಲ ಎಂದು ಒತ್ತುತ್ತ ಹೋಗಿ ಸಿಕ್ಕಿಕೊಂಡಾಗ ಎಡಕ್ಕೆ ಒತ್ತಿದರೆ, ಯೋಚನೆಯೇ ಮಾಡದವನೂ ದೊಡ್ಡ ಅಂಕ ಗಳಿಸುತ್ತಾನೆ ಎಂದು ಅವರು ವಾದಿಸಿದರು.

ಆರೋಪದಲ್ಲಿ ಹುರುಳಿದೆ, ಆದರೆ ಅರ್ಧ ಮಾತ್ರ. ಹಾಗೆ ಒತ್ತಿಕೊಂಡು ಹೋದವನು ಸಾಮಾನ್ಯವಾಗಿ 2048 ಮುಟ್ಟುವ ಬಹಳ ಮೊದಲೇ ನಿಲ್ಲುತ್ತಾನೆ. ‘ದೊಡ್ಡ ಬಿಲ್ಲೆಯನ್ನು ಮೂಲೆಯಲ್ಲಿಡು, ಅಲ್ಲಿಂದ ಕದಲಿಸಬೇಡ’ ಎಂಬ ಪ್ರಸಿದ್ಧ ಸಲಹೆಯನ್ನು ಪಾಲಿಸುವವನೂ ಒಮ್ಮೆ ಗೆಲ್ಲುತ್ತಾನೆ, ಮೂರು ಸಲ ಸೋಲುತ್ತಾನೆ. ಏಕೆ ಗೆದ್ದೆ, ಏಕೆ ಸೋತೆ ಎಂಬುದು ಅವನಿಗೆ ತಿಳಿಯುವುದಿಲ್ಲ. ಮೂಲೆಗೆ ಸ್ವತಃ ಯಾವ ಮಹಿಮೆಯೂ ಇಲ್ಲ. ಮಣೆಯ ವ್ಯವಸ್ಥೆಯನ್ನು ಕೆಡಿಸದೆ ಒತ್ತಬಹುದಾದ ನಡೆಗಳು ಎಷ್ಟು ಉಳಿದಿವೆ ಎಂಬುದೇ ಈ ಆಟದ ನಿಜವಾದ ಬಂಡವಾಳ. ಅಂಥವನ್ನು ಇಲ್ಲಿ ನಿರಪಾಯ ನಡೆ ಎಂದು ಕರೆದಿದ್ದೇನೆ.

ನಿಯಮದ ಸೂಕ್ಷ್ಮಗಳು

ಮಣೆಯಲ್ಲಿ ನಾಲ್ಕು ಅಡ್ಡಸಾಲು, ನಾಲ್ಕು ಕಂಬಸಾಲು, ಒಟ್ಟು 16 ಮನೆ. ಬಾಣದ ಕೀಲಿ ಒತ್ತಿದ ದಿಕ್ಕಿಗೆ ಎಲ್ಲ ಬಿಲ್ಲೆಗಳೂ ಜಾರುತ್ತವೆ, ಒಂದೇ ಸಂಖ್ಯೆಯ ಎರಡು ಬಿಲ್ಲೆ ತಾಗಿದರೆ ಕೂಡಿ ಒಂದಾಗುತ್ತವೆ. ಹೀಗೆ ಕೂಡಿಸುತ್ತ 2048ರ ಬಿಲ್ಲೆ ಕಟ್ಟಿದರೆ ಗೆಲುವು. ಪ್ರತಿ ನಡೆಯ ನಂತರ ಖಾಲಿ ಮನೆಗಳಲ್ಲಿ ಯಾವುದೋ ಒಂದರಲ್ಲಿ ಹೊಸ ಬಿಲ್ಲೆ ಹುಟ್ಟುತ್ತದೆ: ಹತ್ತರಲ್ಲಿ ಒಂಬತ್ತು ಸಲ 2, ಒಂದು ಸಲ 4. ಇಷ್ಟು ಎಲ್ಲರಿಗೂ ಗೊತ್ತು. ಒಂದು ನಡೆಯಲ್ಲಿ ಒಂದು ಬಿಲ್ಲೆ ಒಮ್ಮೆ ಮಾತ್ರ ಕೂಡುತ್ತದೆ ಎಂಬುದನ್ನು ಹಲವರು ಮರೆಯುತ್ತಾರೆ. 4, 2, 2 ಇರುವ ಸಾಲನ್ನು ಎಡಕ್ಕೆ ತಳ್ಳಿದರೆ 4, 4 ಆಗುತ್ತದೆ, 8 ಆಗುವುದಿಲ್ಲ. ಮೂರು 2ಗಳಿದ್ದರೆ ತಳ್ಳಿದ ದಿಕ್ಕಿನ ಗೋಡೆಗೆ ಹತ್ತಿರದ ಜೋಡಿ ಮೊದಲು ಕೂಡುತ್ತದೆ.

ಇವೆರಡಕ್ಕಿಂತ ಮುಖ್ಯವಾದ ನಿಯಮ ಇನ್ನೊಂದು. ಒತ್ತಿದಾಗ ಏನೂ ಕದಲದಿದ್ದರೆ ಅದು ನಡೆಯೇ ಅಲ್ಲ, ಹೊಸ ಬಿಲ್ಲೆಯೂ ಹುಟ್ಟುವುದಿಲ್ಲ. ಇಂಥದನ್ನು ಸತ್ತ ನಡೆ ಎನ್ನೋಣ. ಮುಂದಿನ ವಾದವೆಲ್ಲ ಇದರ ಮೇಲೆ ನಿಂತಿದೆ.

ಕಾಲುಭಾಗದ ಮಿತಿ

ಹಿರಿಯ ಬಿಲ್ಲೆಯನ್ನು ಕೆಳಗಿನ ಎಡಮೂಲೆಯಲ್ಲಿ ಇಟ್ಟಿದ್ದೇವೆ ಎಂದಿಟ್ಟುಕೊಳ್ಳಿ. ಎಡ ಮತ್ತು ಕೆಳಗೆ, ಈ ಎರಡು ನಡೆಗಳು ಅದನ್ನು ಎಂದೂ ಕದಲಿಸವು. ಎರಡೂ ಸತ್ತ ಗಳಿಗೆಯಲ್ಲಿ ಮಾತ್ರ ಆಟಗಾರ ಬಲಕ್ಕೋ ಮೇಲಕ್ಕೋ ಹೋಗಲೇಬೇಕು. ಆಟ ಕೆಡುವುದು ಹೆಚ್ಚಾಗಿ ಇಲ್ಲೇ.

ಆ ಗಳಿಗೆಯಲ್ಲಿ ಮಣೆಯ ಆಕಾರ ಹೇಗಿರುತ್ತದೆ ಎಂಬುದನ್ನು ಮೊದಲೇ ಹೇಳಬಹುದು. ಬಿಲ್ಲೆಗಳು ಎಡಕ್ಕೂ ಕೆಳಕ್ಕೂ ಒತ್ತಿಕೊಂಡಿರುತ್ತವೆ. ಮೇಲಿನ ಸಾಲು ತನ್ನ ಕೆಳಗಿನದಕ್ಕಿಂತ ಉದ್ದವಿರುವುದಿಲ್ಲ. ಒಂದಕ್ಕೊಂದು ತಾಗಿದ ಸಮಬಿಲ್ಲೆಗಳಿರುವುದಿಲ್ಲ. ಗಣಿತದಲ್ಲಿ ಈ ಮೆಟ್ಟಿಲಾಕಾರಕ್ಕೆ ಯಂಗ್ ಚಿತ್ರ ಎನ್ನುತ್ತಾರೆ. ಕೆಳಸಾಲಿನಲ್ಲಿ ಕ ಬಿಲ್ಲೆಗಳಿರಲಿ, ಇಡೀ ಮಣೆಯಲ್ಲಿ ಖ ಖಾಲಿ ಮನೆಗಳಿರಲಿ. ಬಲಕ್ಕೆ ಒತ್ತಿದರೆ ಕೆಳಸಾಲು ಜಾರಿ ಅದರ ಎಡತುದಿಯಲ್ಲಿ 4−ಕ ಮನೆ ತೆರವಾಗುತ್ತದೆ. ಹೊಸ ಬಿಲ್ಲೆ ಅಲ್ಲಿ ಬಿದ್ದರೆ ಮೂಲೆ ಹೋಯಿತು. ಬೇರೆಲ್ಲಿ ಬಿದ್ದರೂ ಮರುನಡೆಯಲ್ಲೇ ಎಡಕ್ಕೆ ಒತ್ತಿ ಹಿರಿಯ ಬಿಲ್ಲೆಯನ್ನು ಮೂಲೆಗೆ ತರಬಹುದು. ಅಂದರೆ ಮೂಲೆ ಕಳೆದುಕೊಳ್ಳುವ ಸಂಭವನೀಯತೆ (4−ಕ)/ಖ. ಯಾವ ಸಾಲೂ ಕೆಳಸಾಲಿಗಿಂತ ಉದ್ದವಿಲ್ಲವಾದ್ದರಿಂದ ಬಿಲ್ಲೆಗಳ ಸಂಖ್ಯೆ 4ಕ ಮೀರದು. ಹಾಗಾಗಿ ಖ ಎಂದೂ 4(4−ಕ)ಗಿಂತ ಕಡಿಮೆಯಾಗದು. ಬಲಕ್ಕೆ ಹೋಗಿಬರುವ ಈ ಸುತ್ತಿನ ಅಪಾಯ ಯಾವ ಸ್ಥಿತಿಯಲ್ಲೂ ಕಾಲುಭಾಗವನ್ನು ದಾಟುವುದಿಲ್ಲ ಎಂದಾಯಿತು.

ಈ ಮಿತಿಯೊಳಗೂ ಏರಿಳಿತ ಬಹಳ. ಕೆಳಸಾಲಿನಲ್ಲಿ ಮೂರು ಬಿಲ್ಲೆ ಮಾತ್ರ ಇದ್ದು ಉಳಿದದ್ದು ಬರಿದಾಗಿದ್ದರೆ ಅಪಾಯ ಹದಿಮೂರರಲ್ಲಿ ಒಂದು. ಅದೇ ಮೂರರ ಮೇಲೆ ಮೂರು ಸಾಲು ತುಂಬಿದ್ದರೆ ನಾಲ್ಕರಲ್ಲಿ ಒಂದು. ಹೊಸಬರು ಮಾಡುವುದು ಇದಕ್ಕೆ ತದ್ವಿರುದ್ಧ. ಬಲಕ್ಕೆ ಒತ್ತಲು ಹೆದರಿ, ಸಣ್ಣಪುಟ್ಟ ಜೋಡಿಗಳನ್ನೆಲ್ಲ ಕೂಡಿಸಿ ಮುಗಿಸಿ, ಮಣೆ ಕಿಕ್ಕಿರಿದ ಮೇಲೆ ಬೇರೆ ದಾರಿಯಿಲ್ಲದೆ ಒತ್ತುತ್ತಾರೆ. ಕೆಳಸಾಲು ಮುರುಕಾಗಿದ್ದರೆ ಬಲಕ್ಕೆ ಹೋಗಿಬರುವ ಕೆಲಸವನ್ನು ಮಣೆ ಬರಿದಾಗಿರುವಾಗಲೇ ಮುಗಿಸಿಕೊಳ್ಳುವುದು ಲೇಸು.

ಕ ನಾಲ್ಕಾದರೆ ಅಪಾಯ ಸೊನ್ನೆ. ಕೆಳಸಾಲಿನಲ್ಲಿ ಅಕ್ಕಪಕ್ಕ ಸಮವಲ್ಲದ ನಾಲ್ಕು ಬಿಲ್ಲೆಗಳು ಕೂತರೆ ಅದಕ್ಕೆ ಬೀಗ ಬಿದ್ದ ಹಾಗೆ. ಎಡ, ಬಲ, ಕೆಳಗೆ ಮೂರೂ ನಿರಪಾಯ. ಅನುಭವಿಗಳು ಮೂಲೆಗಿಂತ ಮೊದಲು ಸಾಲಿನತ್ತ ನೋಡುವುದು ಇದಕ್ಕೇ.

ಮೇಲಿನ ನಡೆಯ ಲೆಕ್ಕ ಬೇರೆ. ಮೂಲೆಯ ಮಟ್ಟಿಗೆ ಅದರ ಅಪಾಯವೂ ಕಾಲುಭಾಗವನ್ನು ಮೀರದು, ಏಕೆಂದರೆ ಅಡ್ಡಸಾಲಿಗೆ ಮಾಡಿದ ವಾದವನ್ನೇ ಕಂಬಸಾಲಿಗೂ ಮಾಡಬಹುದು. ಆದರೆ ಎಡ, ಕೆಳಗೆ, ಬಲ ಮೂರೂ ಸತ್ತು ಮೇಲಕ್ಕೆ ಒತ್ತಬೇಕಾಗಿ ಬಂದಾಗ ಮಣೆಯಲ್ಲಿರುವುದು ತುಂಬಿದ ಸಾಲುಗಳು ಮಾತ್ರ. ಎಲ್ಲವೂ ಮೇಲಕ್ಕೇರಿದ ಮೇಲೆ ಖಾಲಿ ಮನೆಗಳೆಲ್ಲ ಕೆಳಗೇ ಉಳಿಯುತ್ತವೆ. ಹೊಸ ಬಿಲ್ಲೆ ನಾಲ್ಕರಲ್ಲಿ ಒಂದು ಸಲ ಹಿರಿಯ ಬಿಲ್ಲೆಯ ಅಡಿಯಲ್ಲಿ ಬೀಳುತ್ತದೆ. ಉಳಿದ ಮೂರು ಸಲ 512ರ ಅಡಿಯಲ್ಲೋ 256ರ ಅಡಿಯಲ್ಲೋ ಒಂದು 2 ಸಿಕ್ಕಿಕೊಳ್ಳುತ್ತದೆ. ಬಲದ ನಡೆಯಲ್ಲಿ ಕೇಡು ಬರಬಹುದು, ಇಲ್ಲಿ ಬಂದೇ ಬರುತ್ತದೆ. ವ್ಯತ್ಯಾಸ ನಿಯಮದ್ದಲ್ಲ, ಆಸ್ತಿಯನ್ನು ಕಂಬಸಾಲಿನಲ್ಲಿ ಇಡದೆ ಅಡ್ಡಸಾಲಿನಲ್ಲಿ ಇಟ್ಟ ನಮ್ಮ ಆಯ್ಕೆಯದು.

ಕೂಡುವ ಗಳಿಗೆ

ಬೀಗ ಹಾಕಿದ ಸಾಲು ಶಾಶ್ವತವಲ್ಲ. ಬೆಳೆಯಬೇಕಾದರೆ ಅದನ್ನು ತೆರೆಯಲೇಬೇಕು. ಬಲ್ಲವರು ಬಿಲ್ಲೆಗಳನ್ನು ಹಾವಿನಂತೆ ಸುತ್ತಿಸಿ ಜೋಡಿಸುತ್ತಾರೆ: ಕೆಳಸಾಲಿನಲ್ಲಿ ಎಡದಿಂದ 512, 256, 128, 64, ಅದರ ಮೇಲಿನ ಸಾಲಿನಲ್ಲಿ ಬಲದಿಂದ ಹಿಂದಕ್ಕೆ 64, 32, 16, 8. ಬಲತುದಿಯಲ್ಲಿ 64ರ ಮೇಲೆ 64 ಇದೆ. ಕೆಳಗೆ ಒತ್ತಿದರೆ 128 ಆಗುತ್ತದೆ; ಆಮೇಲೆ ಎಡಕ್ಕೆ ಮೂರು ಸಲ ಒತ್ತಿದರೆ 256, 512, 1024 ಎಂದು ಸರಸರನೆ ಕೂಡಿಬರುತ್ತದೆ. ಕಣ್ಣಿಗೆ ಹಬ್ಬ. ಆದರೆ ಆಗ ಕ ನಾಲ್ಕರಿಂದ ಒಂದಕ್ಕೆ ಇಳಿದಿರುತ್ತದೆ, ಬೀಗ ಕಳಚಿರುತ್ತದೆ. ಆಟಗಾರ ಅತ್ಯಂತ ಹಿಗ್ಗಿರುವ ಗಳಿಗೆಯೇ ಮಣೆ ಅತ್ಯಂತ ಸಡಿಲಾಗಿರುವ ಗಳಿಗೆ.

ಆದ್ದರಿಂದ ಇಂಥ ಸರಣಿಯನ್ನು ಶುರುಮಾಡುವ ಮುನ್ನ ಎರಡನೆಯ ಸಾಲನ್ನು ನೋಡಬೇಕು. ಅಲ್ಲಿ ಸರಕಿದ್ದರೆ ಕೆಳಗೆ ಒತ್ತಿದಾಗ ತೆರವಾದ ಮನೆಗಳಿಗೆ ಬಿಲ್ಲೆಗಳು ಇಳಿದು ಕೆಳಸಾಲು ಮತ್ತೆ ತುಂಬುತ್ತದೆ. ಮೇಲಿನ ಉದಾಹರಣೆಯಲ್ಲಿ 16, 32 ಹಾಗೆ ಇಳಿಯುತ್ತವೆ. ಕ್ರಮ ತಿರುವುಮುರುವಾದರೂ ಸಣ್ಣ ಬಿಲ್ಲೆಗಳಾದ್ದರಿಂದ ತಿದ್ದಿಕೊಳ್ಳಬಹುದು. ಎರಡನೆಯ ಸಾಲು ಬರಿದಾಗಿದ್ದರೆ ಸಿದ್ಧವಾಗಿರುವ ಜೋಡಿಯನ್ನೂ ಒಂದೆರಡು ನಡೆ ಕಾಯಿಸುವುದು ವಾಸಿ. ಕೈಗೆಟುಕಿದ್ದನ್ನು ಕೂಡಿಸದೆ ಬಿಡುವ ಈ ತಾಳ್ಮೆ, ನನ್ನ ಎಣಿಕೆಯಲ್ಲಿ, ಆಟ ಕಲಿತವನಿಗೂ ಕಲಿಯದವನಿಗೂ ಇರುವ ಎದ್ದುಕಾಣುವ ವ್ಯತ್ಯಾಸ.

ಜಾಗ ಮತ್ತು ಹೊತ್ತು

ಪ್ರತಿ ನಡೆಗೂ ಮಣೆಯ ಒಟ್ಟು ಮೊತ್ತ ಸರಾಸರಿ 2.2ರಷ್ಟು ಹೆಚ್ಚುತ್ತದೆ, ಕೂಡುವಿಕೆಯಿಂದ ಮೊತ್ತ ಬದಲಾಗದು. 2048 ಮುಟ್ಟಲು ಕನಿಷ್ಠ ಸುಮಾರು 931 ನಡೆ ಬೇಕು ಎಂಬ ಅಂದಾಜು ಇಷ್ಟರಿಂದಲೇ ಸಿಗುತ್ತದೆ. ಜಾನ್ ಲೀಸ್-ಮಿಲ್ಲರ್ ಮಾರ್ಕೋವ್ ಸರಪಳಿಯ ಮೂಲಕ ಲೆಕ್ಕಹಾಕಿ, ಸರಾಸರಿ ಕನಿಷ್ಠ 938.8 ನಡೆ ಬೇಕೆಂದು ತೋರಿಸಿದ್ದಾರೆ. 1024 ಮೂಡಿದಾಗ ಇನ್ನೇನು ಗೆದ್ದೆ ಎಂದುಕೊಳ್ಳುವವರು ಗಮನಿಸಬೇಕಾದ ಮಾತು: ಆಗ ದಾರಿ ಸಾಗಿರುವುದು ಅರ್ಧ ಮಾತ್ರ.

ಜಾಗದ ಲೆಕ್ಕ ಇನ್ನೂ ಕಟು. ಬರೀ 2ಗಳಿಂದ 2048 ಕಟ್ಟುವಾಗ, ಕೊನೆಯ ಸರಣಿಗೆ ಮುನ್ನ 1024, 512, 256 ಎಂದು 2ರವರೆಗೆ ಹತ್ತು ಬಿಲ್ಲೆ, ಜೊತೆಗೆ ಇನ್ನೊಂದು 2, ಒಟ್ಟು 11 ಬಿಲ್ಲೆ ಮಣೆಯಲ್ಲಿ ನಿಂತಿರಬೇಕು. ಕೈಯಾಡಿಸಲು ಉಳಿಯುವುದು 5 ಮನೆ. ಗುರಿ ಇಮ್ಮಡಿಯಾದಂತೆಲ್ಲ ಒಂದೊಂದು ಮನೆ ಕಡಿಮೆ: 4096ಕ್ಕೆ 4, 8192ಕ್ಕೆ 3, 16384ಕ್ಕೆ 2, 32768ಕ್ಕೆ 1. 65536ಕ್ಕೆ ಏನೂ ಉಳಿಯದು. 131072 ಈ ಮಣೆಯ ಕೊನೆಯ ಮಿತಿ. ಸರಿಯಾದ ಹೊತ್ತಿಗೆ 4 ಬಿದ್ದರೆ ಮಾತ್ರ ಸಾಧ್ಯ.

ಯಂತ್ರಗಳ ಸಾಕ್ಷ್ಯ

ಈ ಜಾಗದ ಲೆಕ್ಕಕ್ಕೆ ಕಂಪ್ಯೂಟರ್ ಪ್ರೋಗ್ರಾಮುಗಳು ಒಳ್ಳೆಯ ಸಾಕ್ಷಿ. ಇಡೀ ಮಣೆಯನ್ನು 64 ಬಿಟ್‌ಗಳಲ್ಲಿ ಅಡಗಿಸಿ, ಮುಂದೆ ಬರಬಹುದಾದ ಬಿಲ್ಲೆಗಳ ಸರಾಸರಿ ಫಲವನ್ನು ತೂಗಿ ಆಡುವ, 2014ರಲ್ಲಿ ಬಂದ ಒಂದು ಹೆಸರಾಂತ ಪ್ರೋಗ್ರಾಮು ನೂರು ಆಟಗಳಲ್ಲಿ ನೂರರಲ್ಲೂ 8192 ಮುಟ್ಟಿತು. 94ರಲ್ಲಿ 16384 ಮುಟ್ಟಿತು. 32768 ಮುಟ್ಟಿದ್ದು 36ರಲ್ಲಿ ಮಾತ್ರ. ಬಿಡುವಿನ ಮನೆ ಎರಡರಿಂದ ಒಂದಕ್ಕೆ ಇಳಿದದ್ದರ ಫಲವೇ ಈ ಕುಸಿತ.

ಇನ್ನೊಂದು ಬಗೆಯ ಪ್ರೋಗ್ರಾಮಿಗೆ ಮೂಲೆಯಾಗಲಿ ಹಾವಿನ ಸುತ್ತಾಗಲಿ ಗೊತ್ತೇ ಇಲ್ಲ. ಸಾಧ್ಯವಿರುವ ಪ್ರತಿ ನಡೆಯಿಂದ ಕಣ್ಣುಮುಚ್ಚಿ ಹಲವಾರು ಆಟಗಳನ್ನು ಕೊನೆಯವರೆಗೆ ಆಡಿನೋಡಿ, ಸರಾಸರಿ ಅಂಕ ಹೆಚ್ಚು ಬಂದ ನಡೆಯನ್ನು ಆರಿಸುತ್ತದೆ, ಅಷ್ಟೆ. ಕಣ್ಣುಮುಚ್ಚಿ ಆಡಿದ ಆಟ ತಾನಾಗಿ 64ಕ್ಕೋ 128ಕ್ಕೋ ನಿಂತುಬಿಡುತ್ತದೆ. ಆದರೂ ಅವುಗಳ ಸರಾಸರಿಯನ್ನು ನೆಚ್ಚಿದ ಪ್ರೋಗ್ರಾಮು 2048 ಮುಟ್ಟುತ್ತದೆ. ಬುದ್ಧಿಯಿಲ್ಲದ ಆಟಗಾರನೂ ಎಷ್ಟು ಹೊತ್ತು ಬದುಕಬಲ್ಲ ಎಂಬುದು ಮಣೆಯ ತಾಳಿಕೆಯ ಅಳತೆ. ನಿರಪಾಯ ನಡೆಗಳ ಎಣಿಕೆಯೂ ಅಳೆಯುವುದು ಅದನ್ನೇ.

ಚೌಕಾಬಾರದಲ್ಲಿ ಕವಡೆ ಮೊದಲು ಬೀಳುತ್ತದೆ, ಕಾಯಿ ಆಮೇಲೆ ನಡೆಯುತ್ತದೆ. ಆಟಗಾರ ಅದೃಷ್ಟವನ್ನು ಕಂಡು ಉತ್ತರ ಕೊಡುತ್ತಾನೆ. 2048ರಲ್ಲಿ ನಡೆ ಮೊದಲು, ಅದೃಷ್ಟ ಆಮೇಲೆ. ಹಾಗಾಗಿ ಇಲ್ಲಿ ಬೆಲೆಕಟ್ಟಬೇಕಾದದ್ದು ನಡೆ ಮುಗಿದು ಹೊಸ ಬಿಲ್ಲೆ ಇನ್ನೂ ಹುಟ್ಟದಿರುವ ಮಣೆಗೆ. ಪೋಲೆಂಡಿನ ಪೊಜ್ನಾನ್ ತಾಂತ್ರಿಕ ವಿಶ್ವವಿದ್ಯಾಲಯದ ಮಾರ್ಚಿನ್ ಷೂಬರ್ಟ್ ಮತ್ತು ವೊಯ್ಚೆಖ್ ಯಾಶ್ಕೊವ್‌ಸ್ಕಿ 2014ರಲ್ಲೇ ಇದನ್ನು ಪ್ರಯೋಗದಿಂದ ಕಂಡುಕೊಂಡರು. ಮನುಷ್ಯರ ತಂತ್ರವನ್ನು ಹೇಳಿಕೊಡದೆ, ಮುಂದಿನ ನಡೆಗಳನ್ನು ಹುಡುಕಿಸದೆ, ಆ ನಡುಗಳಿಗೆಯ ಮಣೆಗೆ ಬೆಲೆಕಟ್ಟುವುದನ್ನು ಯಂತ್ರ ತಾನೇ ಕಲಿಯುವಂತೆ ಮಾಡಿದಾಗ ಅದು 97 ಪ್ರತಿಶತಕ್ಕೂ ಹೆಚ್ಚು ಆಟಗಳನ್ನು ಗೆದ್ದಿತು. ಮನುಷ್ಯ ಆಟಗಾರನೂ ಬೆರಳನ್ನು ಅಲ್ಲೇ ತಡೆಯಬೇಕು: ಒತ್ತಿದ ಮೇಲೆ ತೆರೆದುಕೊಳ್ಳುವ ಮನೆಗಳು ಯಾವುವು, ಅವುಗಳಲ್ಲಿ ಯಾವುದರಲ್ಲಿ 2 ಬಿದ್ದರೆ ಕೇಡು? ದೊಡ್ಡ ಮಣೆಗಳಿಗೆ ವಿಸ್ತರಿಸಿದಾಗ ಈ ಬಗೆಯ ಆಟಗಳ ಪ್ರಶ್ನೆಗಳು ಗಣನೆಗೆ ಕಠಿಣವಾಗುತ್ತವೆ ಎಂಬುದನ್ನು ಸ್ಟೆಫಾನ್ ಲಾಂಗರ್ಮನ್ ಮತ್ತು ಯೂಶಿ ಊನೋ ಸಾಧಿಸಿದ್ದಾರೆ. ಸಿದ್ಧಾಂತಕ್ಕೆ ಅದು ಮುಖ್ಯ. ಹದಿನಾರು ಮನೆಯ ಆಟಗಾರನಿಗೆ ಅದರಿಂದ ದೊಡ್ಡ ಉಪಯೋಗವಿಲ್ಲ.

ಮೂಲೆ ಹೋದ ಮೇಲೆ

ಎಷ್ಟು ಎಚ್ಚರವಿದ್ದರೂ ಒಂದಲ್ಲ ಒಂದು ಸಲ ಮೂಲೆಯಲ್ಲಿ 2 ಬಂದು ಕೂರುತ್ತದೆ, 1024 ಪಕ್ಕದ ಮನೆಗೆ ಸರಿಯುತ್ತದೆ. ಬಹುಪಾಲು ಆಟಗಾರರು ಗಾಬರಿಯಿಂದ ಮೇಲೆ ಕೆಳಗೆ ಒತ್ತಿ ಮಣೆಯನ್ನೇ ಕದಡಿಬಿಡುತ್ತಾರೆ. ಕ್ರಮವಾದ ದಾರಿಯೊಂದಿದೆ. 1024 ಇರುವ ಕಂಬಸಾಲನ್ನು ಅಸಮ ಬಿಲ್ಲೆಗಳಿಂದ ನಾಲ್ಕೂ ಮನೆ ತುಂಬಿಸಿ, ಮೂಲೆಯ ಕಂಬಸಾಲನ್ನು ಮೂರಕ್ಕಿಂತ ಎತ್ತರ ಬೆಳೆಯಗೊಡದೆ ಇಟ್ಟುಕೊಳ್ಳಬೇಕು. ಆಗ ಮೇಲೆ ಒತ್ತಿದರೆ ಮೂಲೆಯ ಬಿಲ್ಲೆ ಮೇಲೇಳುತ್ತದೆ, 1024 ಕದಲುವುದಿಲ್ಲ. ಹೊಸ ಬಿಲ್ಲೆ ಆ ತೆರವಿನಲ್ಲಿ ಬೀಳದಿದ್ದರೆ ಎಡಕ್ಕೆ ಒತ್ತಿ ಹಿರಿಯನನ್ನು ಮೂಲೆಗೆ ಸೇರಿಸಬಹುದು.

ಆದರೆ ಇದಕ್ಕೆ ಮಣೆ ಒದಗಿಬರಬೇಕು. ಒದಗದಿದ್ದರೆ ಮೂಲೆಯ ಆಸೆಯನ್ನೇ ಬಿಡುವುದು ಮೇಲು. ಅಲ್ಲಿ ಕೂತ 2ನ್ನು ಮೇಲಿನಿಂದ ಸಮಬಿಲ್ಲೆ ಇಳಿಸುತ್ತ 4, 8, 16 ಎಂದು ಬೆಳೆಸಿಕೊಂಡು ಹೋಗಬಹುದು. ಕೆಳಸಾಲಿನಲ್ಲಿ 64, 1024, 512, 128 ನಿಂತಿವೆ ಎನ್ನಿ. ಹಿರಿಯ ಬಿಲ್ಲೆ ಮೂಲೆಯಲ್ಲಿಲ್ಲ. ಆದರೂ ಸಾಲು ತುಂಬಿದೆ, ಬೀಗ ಬಿದ್ದಿದೆ, ಮೂರು ನಡೆಗಳೂ ನಿರಪಾಯ. ನಷ್ಟ ಒಂದು ಮನೆಯದು: ಬಿಡುವು ಐದರಿಂದ ನಾಲ್ಕಕ್ಕೆ ಇಳಿದು, 2048 ಕಟ್ಟುವವನು 4096 ಕಟ್ಟುವವನ ಇಕ್ಕಟ್ಟಿನಲ್ಲಿ ಆಡಬೇಕಾಗುತ್ತದೆ.