ಅಟ್ಟದ ಮೇಲಿನ ಇತಿಹಾಸ

ಇತಿಹಾಸದ ಆಕರಗಳೆಂದೊಡನೆ ಶಿಲಾಶಾಸನ, ಓಲೆಗರಿ, ಸರ್ಕಾರಿ ಕಡತಗಳು ನೆನಪಿಗೆ ಬರುತ್ತವೆ. ಹೊಸೂರು, ಕೃಷ್ಣಗಿರಿ ಸೀಮೆಯ ಕನ್ನಡಿಗರ ಮನೆಗಳಲ್ಲಿ, ಅಟ್ಟದ ಮೇಲಿನ ಟ್ರಂಕುಗಳೊಳಗೆ, ಇನ್ನೊಂದು ಆಕರವಿದೆ. ಅದು ಮದುವೆ, ನಾಮಕರಣ, ಗೃಹಪ್ರವೇಶಗಳ ವೀಡಿಯೊ ಕ್ಯಾಸೆಟ್ಟು.

ಮನೆಯವರ ಚಲನಚಿತ್ರ ತೆಗೆಯುವ ರೂಢಿ ಹಳೆಯದು. ಕೊಡಾಕ್ ಕಂಪನಿಯು 1932ರಲ್ಲಿ 8 ಮಿಲಿಮೀಟರ್ ಫಿಲ್ಮನ್ನೂ 1965ರಲ್ಲಿ ಸೂಪರ್ 8 ಫಿಲ್ಮನ್ನೂ ತಂದಿತು. ಸೂಪರ್ 8ರ ಐವತ್ತು ಅಡಿಯ ಸುರುಳಿ ಸುಮಾರು ಮೂರು ನಿಮಿಷ ಇಪ್ಪತ್ತು ಸೆಕೆಂಡಿಗೆ ಮುಗಿಯುತ್ತಿತ್ತು. ಬಹುಪಾಲು ಸುರುಳಿಗಳಿಗೆ ಧ್ವನಿಯಿರಲಿಲ್ಲ. ರಾಗಿ ಬೆಳೆದು ಬದುಕುತ್ತಿದ್ದ ನಮ್ಮಂಥ ಕುಟುಂಬಗಳಿಗೆ ಅದು ಎಟುಕುವಂತಿರಲಿಲ್ಲ. 1976ರಲ್ಲಿ ಜಪಾನಿನಲ್ಲಿ ವಿ.ಎಚ್.ಎಸ್. ಕ್ಯಾಸೆಟ್ಟು ಹೊರಬಂದಿತು, 1982ರಲ್ಲಿ ಭಾರತದಲ್ಲಿ ದೂರದರ್ಶನಕ್ಕೆ ಬಣ್ಣ ಬಂದಿತು. ಆ ದಶಕದಲ್ಲಿ ಮದುವೆಮನೆಗೆ ವೀಡಿಯೊದವರನ್ನು ಕರೆಸುವುದು ರೂಢಿಯಾಯಿತು. ಚಿತ್ರದೊಡನೆ ಮಾತೂ ಉಳಿಯತೊಡಗಿತು.

ಗಡಿನಾಡಿನವರಿಗೆ ಆ ಮಾತೇ ದೊಡ್ಡ ಲಾಭ. 1956ರಲ್ಲಿ ರಾಜ್ಯಗಳ ಪುನರ್ವಿಂಗಡಣೆಯಾದಾಗ ಹೊಸೂರು ಮದ್ರಾಸ್ ರಾಜ್ಯದಲ್ಲೇ ಉಳಿಯಿತು. ಸೇಲಂ ಜಿಲ್ಲೆಯಲ್ಲಿದ್ದ ಊರು 1965ರಲ್ಲಿ ಧರ್ಮಪುರಿಗೆ, 2004ರಲ್ಲಿ ಕೃಷ್ಣಗಿರಿ ಜಿಲ್ಲೆಗೆ ಸೇರಿತು. ಮನೆ ಕದಲಲಿಲ್ಲ, ವಿಳಾಸ ಬದಲಾಯಿತು. ಕೈಗಾರಿಕೆ ಬೆಳೆದು ಹೊಲಗಳು ಬಡಾವಣೆಗಳಾದವು. ಇವೆಲ್ಲವೂ ಕಡತಗಳಲ್ಲಿ ಸಿಗುತ್ತವೆ. ಆ ಮನೆಗಳಲ್ಲಿ ಆಡುತ್ತಿದ್ದ ಕನ್ನಡ ಸಿಗುವುದಿಲ್ಲ.

ನನ್ನ ತಂಗಿಯ 1989ರ ಮದುವೆಯ ಕ್ಯಾಸೆಟ್ಟಿನಲ್ಲಿ ಅಮ್ಮ ಅಡುಗೆಯವರನ್ನು ಕನ್ನಡದಲ್ಲಿ ಗದರಿಸುತ್ತಾರೆ, ಹೂವಿನವಳೊಡನೆ ತೆಲುಗಿನಲ್ಲಿ ಚೌಕಾಶಿ ಮಾಡುತ್ತಾರೆ, ನೆರೆಮನೆಯವರನ್ನು ತಮಿಳಿನಲ್ಲಿ ಊಟಕ್ಕೆ ಕರೆಯುತ್ತಾರೆ. ಹಿನ್ನೆಲೆಯಲ್ಲಿ ಹೆಂಗಸರ ಸೋಬಾನೆ ಕೇಳುತ್ತದೆ. ಅಮ್ಮ ತೀರಿಕೊಂಡು ಬಹಳ ವರ್ಷಗಳಾದವು. ಈಚೆಗೆ ಅದನ್ನು ಹಾಕಿದಾಗ, ಕನ್ನಡ ಓದಲು ಬಾರದ ಮೊಮ್ಮಗಳು ಮುತ್ತಜ್ಜಿಯ ಮಾತು ಕೇಳಿ ನಕ್ಕಳು. ಆಮೇಲೆ ಒಂದೊಂದೇ ಮುಖ ತೋರಿಸಿ, "ಇವರು ಯಾರು ತಾತ?" ಎಂದಳು. ಪಂಕ್ತಿಯಲ್ಲಿ ಕುಳಿತವರಲ್ಲಿ ಅರ್ಧದಷ್ಟು ಜನರ ಹೆಸರು ನನಗೆ ಹೊಳೆಯಲಿಲ್ಲ. ಹೇಳಬಲ್ಲವರೆಂದರೆ ಈಗ ಚಿಕ್ಕಮ್ಮ ಒಬ್ಬರೇ.

ಟೇಪಿಗೂ ಆಯುಷ್ಯವಿದೆ. ಅದರ ಕಾಂತೀಯ ಲೇಪನ ಸವೆಯುತ್ತದೆ, ತೇವಕ್ಕೆ ಬೂಷ್ಟು ಹಿಡಿಯುತ್ತದೆ. ಕೊನೆಯವರೆಗೂ ವಿ.ಸಿ.ಆರ್. ತಯಾರಿಸುತ್ತಿದ್ದ ಜಪಾನಿನ ಫುನಾಯ್ ಕಂಪನಿಯೂ 2016ರ ಜುಲೈನಲ್ಲಿ ಅದನ್ನು ನಿಲ್ಲಿಸಿತು. ಕ್ಯಾಸೆಟ್ಟನ್ನು ಡಿಜಿಟಲ್ ರೂಪಕ್ಕೆ ಇಳಿಸಿದರೆ ಮುಖವೂ ಮಾತೂ ಉಳಿದಾವು. ಹೆಸರು ಉಳಿಯಬೇಕಾದರೆ ಹಿರಿಯರನ್ನು ಎದುರಿಗೆ ಕೂರಿಸಿಕೊಂಡು, ಅವರು ಗುರುತಿಸಿದ್ದನ್ನು ಬರೆದಿಡಬೇಕು. ಸಂಘದ ಸದಸ್ಯರು ಮನೆಗೊಂದು ಕ್ಯಾಸೆಟ್ಟಿನಂತೆ ಈ ಕೆಲಸ ಕೈಗೊಳ್ಳಲಿ ಎಂಬುದು ನನ್ನ ವಿನಂತಿ. ಈ ಲೇಖನ ಬರೆಯುವ ಮುನ್ನ ಚಿಕ್ಕಮ್ಮನವರೊಡನೆ ಕುಳಿತೆ. ಒಂದೇ ಸಂಜೆಯಲ್ಲಿ ಹದಿನೇಳು ಹೆಸರುಗಳು ಸಿಕ್ಕವು.