ಹಸೆಗೆ ಕರೆಯುವವರು

ತಂಗಿಯ ಮಗಳ ಮದುವೆ ಗೊತ್ತಾದ ಹೊಸದರಲ್ಲಿ, ಛತ್ರದ ಅಲಂಕಾರದ ಗುತ್ತಿಗೆ ಹಿಡಿದ ಹುಡುಗನೊಬ್ಬ ಮನೆಗೆ ಬಂದು ಮೊಬೈಲಿನಲ್ಲಿ ಒಂದಾದ ಮೇಲೊಂದು ಚಿತ್ರ ತೋರಿಸಿದ. ಆರತಕ್ಷತೆಯ ದಿನ ಹುಡುಗ ಹುಡುಗಿ ಹೇಗೆ ಬರಬೇಕು ಎಂಬುದರ ಚಿತ್ರಗಳು. ಒಂದರಲ್ಲಿ ನೆಲದಿಂದ ಹೊಗೆ ಏಳುತ್ತದೆ, ಇನ್ನೊಂದರಲ್ಲಿ ಎರಡೂ ಕಡೆ ಬೆಂಕಿಯ ಕಿಡಿ ಚಿಮ್ಮುತ್ತದೆ, ಮತ್ತೊಂದರಲ್ಲಿ ಕಪ್ಪು ಕನ್ನಡಕ ಹಾಕಿಕೊಂಡ ಹುಡುಗಿ ಕುಣಿಯುತ್ತ ಬರುತ್ತಾಳೆ. "ಎಂಟ್ರಿನೇ ಮುಖ್ಯ ಆಂಟಿ, ಊಟ ಯಾರು ನೆನಪಿಟ್ಕೋತಾರೆ?" ಎಂದ. ನಮ್ಮ ಕಡೆಯವರು ಊಟವನ್ನು ಮೂವತ್ತು ವರ್ಷವಾದರೂ ಮರೆಯುವುದಿಲ್ಲವೆಂದು ಬಾಯಿಗೆ ಬಂತು, ಸುಮ್ಮನಾದೆ.

ತಂದೆ ಮಗಳ ಕೈಹಿಡಿದು ನಡೆಸಿಕೊಂಡು ಬರುವ ಚಿತ್ರವೂ ಅದರಲ್ಲಿತ್ತು. ತಂಗಿಯ ಯಜಮಾನರು ತೀರಿಕೊಂಡು ಆಗ ಎರಡು ವರ್ಷ. ತಂಗಿ ಕಾಫಿ ತರುತ್ತೇನೆಂದು ಎದ್ದು ಒಳಗೆ ಹೋದಳು.

ಆತ ಹೋದ ಮೇಲೆ ಹುಡುಗಿ ಕೇಳಿದಳು: "ದೊಡ್ಡಮ್ಮ, ಇದ್ಯಾವುದೂ ನನಗೆ ಬೇಡ. ಆದ್ರೆ ಹೇಗೆ ಬರಬೇಕು ಅಂತಲೂ ಗೊತ್ತಾಗ್ತಿಲ್ಲ. ನಿಮ್ಮ ಕಾಲದಲ್ಲಿ ಹೇಗೆ ಬರ್ತಿದ್ರಿ?"

ನಾವು ಬರುತ್ತಲೇ ಇರಲಿಲ್ಲ, ನಮ್ಮನ್ನು ಕರೆತರುತ್ತಿದ್ದರು. ಹಾಗೆಂದು ಹೇಳಿ, ಅದನ್ನೇ ಕುರಿತು ಬಹಳ ದಿನ ಯೋಚಿಸಿದೆ.

ನಮ್ಮಜ್ಜಿಯ ಮದುವೆ 1926ರಲ್ಲಿ ಅರಸೀಕೆರೆಯ ಹತ್ತಿರದ ಹಳ್ಳಿಯಲ್ಲಿ ಆಯಿತು. ಆಕೆಗೆ ಒಂಬತ್ತು ವರ್ಷ. ಸೋದರಮಾವ ಎತ್ತಿಕೊಂಡು ಮಂಟಪಕ್ಕೆ ತಂದು ಕೂರಿಸಿದನಂತೆ. ಈಗ ಕೆಲವರು ಈ ಶಾಸ್ತ್ರವನ್ನು ಎಷ್ಟು ಸೊಗಸು ಎಂದು ಮತ್ತೆ ಮಾಡಿಸುತ್ತಾರೆ, ಇಪ್ಪತ್ತೆಂಟರ ಹುಡುಗಿಯನ್ನು ಎತ್ತಲು ಹೋಗಿ ಮಾವಂದಿರು ಸೊಂಟ ಹಿಡಿದುಕೊಳ್ಳುತ್ತಾರೆ. ಆದರೆ ಅಂದು ಎತ್ತಿಕೊಂಡು ಬಂದದ್ದು ಸೊಗಸಿಗಲ್ಲ. ಅದು ಮಗು. ನಿದ್ದೆಗಣ್ಣಿನ ಮಗುವನ್ನು ಇನ್ನು ಹೇಗೆ ತರುವುದು? ಮೈಸೂರು ಸಂಸ್ಥಾನದಲ್ಲಿ 1894ರಲ್ಲೇ ಬಾಲ್ಯವಿವಾಹ ತಡೆಯುವ ಕಾನೂನು ಬಂದಿತ್ತು. ಬ್ರಿಟಿಷರ ಸೀಮೆಯ ಶಾರದಾ ಕಾಯಿದೆಗಿಂತ ಮೂವತ್ತೈದು ವರ್ಷ ಮೊದಲು, ಇದು ನಮ್ಮ ಹೆಮ್ಮೆಯೇ. ಆದರೆ ಅದು ಹೇಳಿದ್ದು ಎಂಟು ತುಂಬದ ಹೆಣ್ಣಿಗೆ ಮದುವೆ ಮಾಡಕೂಡದೆಂದು ಮಾತ್ರ. ನಮ್ಮಜ್ಜಿಗೆ ಎಂಟು ತುಂಬಿತ್ತು. ಎಲ್ಲವೂ ಕಾನೂನುಬದ್ಧ. 1929ರ ಶಾರದಾ ಕಾಯಿದೆ ಅದನ್ನು ಹದಿನಾಲ್ಕಕ್ಕೆ ಏರಿಸಿತು, ಅದು ಹದಿನೆಂಟಾದದ್ದು 1978ರ ತಿದ್ದುಪಡಿಯಲ್ಲಿ. ಕಾಲ ಸರಿದಂತೆ ಮಾವನ ತೋಳಿನಿಂದ ಹುಡುಗಿ ಕೆಳಗಿಳಿದು ನಡೆದಳು. ಮಾವನ ಕೈ ಮಾತ್ರ ಉಳಿಯಿತು.

ಅಬ್ಬರದ ಆಗಮನ ಆಗ ಇರಲಿಲ್ಲವೆಂದಲ್ಲ. ಇತ್ತು, ಗಂಡಿಗೆ. ರಾತ್ರಿಯ ಮೆರವಣಿಗೆ, ಬ್ಯಾಂಡು, ತಲೆಯ ಮೇಲೆ ಗ್ಯಾಸ್‌ಲೈಟು ಹೊತ್ತು ನಡೆಯುವ ಕೂಲಿಯವರು. ಆ ಬೆಳಕು ಮದುಮಗನ ಮುಖದ ಮೇಲೆ, ಬಿಸಿ ಹೊತ್ತವರ ನೆತ್ತಿಯ ಮೇಲೆ. ಮೆರವಣಿಗೆಯನ್ನು ಹಗುರವಾಗಿ ಆಡಿಕೊಳ್ಳಲೂ ನನಗೆ ಮನಸ್ಸಿಲ್ಲ. ಕುದುರೆಯೇರಿ ಊರ ಬೀದಿಯಲ್ಲಿ ಹೋಗುವುದಕ್ಕೆ ದಲಿತರ ಹುಡುಗರನ್ನು ಬಿಡದ ಊರುಗಳು ಈ ದೇಶದಲ್ಲಿವೆ. ಅಂಥ ಕಡೆ ಮೆರೆಯುವುದೇ ಒಂದು ಹಕ್ಕು. ನನ್ನ ಮಾತು ನಮ್ಮಂಥ ಮನೆಗಳದ್ದು.

ಹೆಣ್ಣಿಗೆ ಇದ್ದದ್ದು ಹಸೆ. ಧಾರೆಯಾದ ಮೇಲೆ ಸಂಜೆ ನೆಲ ಸಾರಿಸಿ, ರಂಗೋಲಿ ಬರೆದು, ಮಣೆ ಹಾಕಿ, ಹೆಂಗಸರು ಸೇರಿ ವಧೂವರರನ್ನು ಹಾಡಿ ಕರೆಯುತ್ತಿದ್ದರು. ಹಸೆಗೆ ಕರೆಯುವ ಹಾಡೆಂದೇ ಒಂದು ಬಗೆಯ ಹಾಡುಗಳಿವೆ. ಬರುವವರಿಗೆ ತಮ್ಮನ್ನು ತೋರಿಸಿಕೊಳ್ಳುವ ಹೊಣೆಯಿಲ್ಲ. ಕರೆಯುವವರದ್ದೇ ಎಲ್ಲ ಸಡಗರ. ಕೂತ ಮೇಲೆ ಆರತಿ, ಅಕ್ಷತೆ. ಈಗ ನಾವು ರಿಸೆಪ್ಷನ್ ಎನ್ನುವುದಕ್ಕೆ ಆರತಕ್ಷತೆ ಎಂದು ಅಚ್ಚು ಹಾಕಿಸುತ್ತೇವಲ್ಲ, ಆ ಪದದೊಳಗೆ ಇರುವುದು ಇವೆರಡೇ. ಉರುಟಣೆಯಲ್ಲಿ ಒಬ್ಬರಿಗೊಬ್ಬರು ಅರಿಸಿನ ಹಚ್ಚುವಾಗ, ಗಂಡನ ಹೆಸರು ಹೇಳಲು ಹುಡುಗಿ ನಾಚಿದಾಗ, ಹೆಂಗಸರು ಬಿದ್ದು ಬಿದ್ದು ನಗುತ್ತಿದ್ದರು.

ಎಲ್ಲ ಹೆಂಗಸರೂ ಅಲ್ಲ. ಇದನ್ನು ಹೇಳದೆ ಹಸೆಯನ್ನು ಹೊಗಳಿದರೆ ತಪ್ಪಾಗುತ್ತದೆ. ಆರತಿ ಎತ್ತುವವರು ಮುತ್ತೈದೆಯರು ಮಾತ್ರ. 1954ರಲ್ಲಿ ನಮ್ಮಮ್ಮನ ಮದುವೆಯಾದಾಗ ಅಜ್ಜಿಗೆ ಇನ್ನೂ ಮೂವತ್ತೇಳು, ಅಜ್ಜ ಆಗಲೇ ಇರಲಿಲ್ಲ. ಒಂಬತ್ತನೆಯ ವಯಸ್ಸಿನಲ್ಲಿ ಎತ್ತಿಕೊಂಡು ತಂದು ಮಂಟಪದಲ್ಲಿ ಕೂರಿಸಲ್ಪಟ್ಟ ಆಕೆ, ಸ್ವಂತ ಮಗಳ ಹಸೆಯ ಹೊತ್ತಿನಲ್ಲಿ ಉಗ್ರಾಣದಲ್ಲಿ ಕೂತು ವೀಳ್ಯದೆಲೆ ಎಣಿಸುತ್ತಿದ್ದಳಂತೆ. ಹೊರಗಿನ ಹಾಡು ಕೇಳಿಸುತ್ತಿತ್ತು, ಅಷ್ಟೆ. ಅಮ್ಮ ಇದನ್ನು ಕೊನೆಯವರೆಗೂ ಹೇಳುತ್ತಿದ್ದಳು. ಹದಿನಾಲ್ಕಕ್ಕೇ ವಿಧವೆಯಾದ ನಂಜನಗೂಡು ತಿರುಮಲಾಂಬ 1913ರಲ್ಲೇ ತಮ್ಮ ಗ್ರಂಥಮಾಲೆ ಆರಂಭಿಸಿ ಪುಸ್ತಕ ಬರೆದು ಪ್ರಕಟಿಸಿದ್ದರು. ನಮ್ಮ ಮನೆಯ ಉಗ್ರಾಣದ ಬಾಗಿಲು ನಲವತ್ತು ವರ್ಷವಾದರೂ ತೆರೆದಿರಲಿಲ್ಲ.

ಆ ಬಾಗಿಲನ್ನೂ ಮೆರವಣಿಗೆಯನ್ನೂ ಒಟ್ಟಿಗೇ ಬೇಡವೆಂದವರು ಕುವೆಂಪು. 1966ರಲ್ಲಿ ಮಗ ಪೂರ್ಣಚಂದ್ರ ತೇಜಸ್ವಿಯವರಿಗೂ ರಾಜೇಶ್ವರಿಯವರಿಗೂ ಮಂತ್ರಮಾಂಗಲ್ಯದ ಕ್ರಮದಲ್ಲಿ ಮದುವೆ ಮಾಡಿದರು. ಮುಹೂರ್ತವಿಲ್ಲ, ವರದಕ್ಷಿಣೆಯಿಲ್ಲ, ಆಡಂಬರವಿಲ್ಲ. ಹತ್ತಿರದ ಕೆಲವರ ಎದುರು ಪ್ರತಿಜ್ಞಾವಚನ. ಹಿಂದಿನ ವರ್ಷವಷ್ಟೇ ಲಾಲ್‌ಬಹದ್ದೂರ್ ಶಾಸ್ತ್ರಿಗಳು ವಾರಕ್ಕೊಂದು ಹೊತ್ತು ಊಟ ಬಿಡಿ ಎಂದು ದೇಶವನ್ನು ಕೇಳಿಕೊಂಡಿದ್ದರು, ಅಕ್ಕಿಗೆ ಅಷ್ಟು ಕಷ್ಟವಿದ್ದ ಕಾಲ. ನನ್ನ ಮದುವೆಯ ಹೊತ್ತಿಗೆ, 1980ರಲ್ಲಿ, ಅದೆಲ್ಲ ಗೊತ್ತಿದ್ದೂ ನಮ್ಮ ತಂದೆಗೆ ಧೈರ್ಯ ಬರಲಿಲ್ಲ. ಕೆಂಪು ಮಖಮಲ್ಲಿನ ಎರಡು ಕುರ್ಚಿ, ಮೈಕಾಸುರ, ಬಾದಾಮಿ ಹಾಲು. ನಾವು ಮೊದಲೇ ಕುರ್ಚಿಯಲ್ಲಿ ಕೂತಿದ್ದೆವು, ಜನ ಆಮೇಲೆ ಬಂದರು. ಬಾಗಿಲಲ್ಲಿ ಚಿಕ್ಕ ಹುಡುಗಿಯರು ಪನ್ನೀರು ಚಿಮುಕಿಸಿ ಕಲ್ಲುಸಕ್ಕರೆ ಕೊಡುತ್ತಿದ್ದರು.

ಆ ಬಾಗಿಲಿನ ನೆನಪನ್ನೇ ಹುಡುಗಿಗೆ ಹೇಳಿದೆ. ನೀವೇ ಯಾಕೆ ಬಾಗಿಲಲ್ಲಿ ನಿಲ್ಲಬಾರದು? ಬಂದವರ ಎದುರು ನೀವು ಬರುವ ಬದಲು, ಬರುವವರನ್ನೇ ಎದುರುಗೊಳ್ಳಿ. ಅವಳ ಕಣ್ಣು ಅರಳಿತು. "ಅಮ್ಮನೂ ನಿಲ್ಲಲಿ" ಎಂದಳು.

ತಂಗಿ ಒಪ್ಪಲಿಲ್ಲ. ಓದಿದವಳು, ಬ್ಯಾಂಕಿನಲ್ಲಿ ಮೂವತ್ತು ವರ್ಷ ದುಡಿದವಳು, ಆದರೂ "ಬೀಗರು ಏನಂದ್ಕೋತಾರೋ ಅಕ್ಕ, ನಾನು ಊಟದ ಮನೆ ಕಡೆ ನೋಡ್ಕೋತೀನಿ" ಎಂದಳು. ಆ ಮಾತು ಕೇಳಿ ನನಗೆ ಉಗ್ರಾಣ ನೆನಪಾಯಿತು. ಬೀಗಿತ್ತಿಗೆ ನಾನೇ ಫೋನು ಮಾಡಿದೆ. ಆಕೆ ಸ್ವಲ್ಪ ಹೊತ್ತು ಮಾತಾಡಲಿಲ್ಲ. "ನಮ್ಮ ಅತ್ತೆಯವರು ಹಳೇ ಕಾಲದವರು, ಅವರನ್ನ ಕೇಳಿ ಹೇಳ್ತೀನಿ" ಎಂದರು. ಎರಡು ದಿನ ಕಾದೆವು. ಮೂರನೆಯ ದಿನ ಫೋನು ಬಂತು: "ಯಾರು ಎಲ್ಲಿ ನಿಂತ್ರೆ ಏನಂತೆ, ಊಟ ಹೊತ್ತಿಗೆ ಸರಿಯಾಗಿ ಬಡಿಸಿದ್ರೆ ಸಾಕಂತೆ."

ಆ ಸಂಜೆ ಆರು ಗಂಟೆಗೆ ಮೂವರೂ ಬಾಗಿಲಲ್ಲಿದ್ದರು. ತಂಗಿಯ ಕೈಯಲ್ಲಿ ನಮ್ಮಮ್ಮನ ಬೆಳ್ಳಿಯ ಪನ್ನೀರುದಾನಿ. ಮೊದಲ ಹತ್ತು ನಿಮಿಷ ಅವಳು ಯಾರ ಮುಖವನ್ನೂ ನೋಡಲಿಲ್ಲ. ನಮ್ಮ ಕಡೆಯ ಒಬ್ಬ ಹಿರಿಯಾಕೆ ಅವಳನ್ನು ಬಳಸಿಕೊಂಡು ಒಳಗೆ ಹೋದದ್ದನ್ನೂ ಕಂಡೆ. ಅಷ್ಟರಲ್ಲಿ ಬೀಗಿತ್ತಿಯ ಅತ್ತೆ, ಎಂಬತ್ತೈದು ದಾಟಿದವರು, ಕೋಲೂರಿಕೊಂಡು ಬಂದರು. ಅವರೂ ಯಜಮಾನರಿಲ್ಲದವರೆಂದು ನನಗೆ ಆಗಲೇ ಗೊತ್ತಾದದ್ದು. ತಂಗಿಯ ಎದುರು ನಿಂತು, ಕೋಲನ್ನು ಮೊಮ್ಮಗನಿಗೆ ಕೊಟ್ಟು, ಎರಡೂ ಅಂಗೈ ಚಾಚಿದರು. ತಂಗಿ ಚಿಮುಕಿಸಿದಳು. ಅವರು ಅದನ್ನು ಮುಖಕ್ಕೆ ಒರೆಸಿಕೊಂಡು, "ಇನ್ನೊಂಚೂರು ಹಾಕಮ್ಮ" ಎಂದರು.

ಏಳೂವರೆಗೆ ಅರ್ಧ ಛತ್ರ ತುಂಬಿತು. ನಾವು ನಾಲ್ಕೈದು ಜನ ಹೆಂಗಸರು ವೇದಿಕೆಯ ಹತ್ತಿರ ನಿಂತು ಹಸೆಗೆ ಕರೆಯಲು ಹೊರಟೆವು. ಎರಡು ಸಾಲಿನ ಮೇಲೆ ಯಾರಿಗೂ ಬಾರದು. ಮುಂದಿನದನ್ನು ಗುನುಗಿಯೇ ಮುಗಿಸಿದೆವು. ಹುಡುಗ ಹುಡುಗಿ ಬಾಗಿಲಿನಿಂದ, ದಾರಿಯಲ್ಲಿ ಸಿಕ್ಕವರನ್ನೆಲ್ಲ ಮಾತಾಡಿಸುತ್ತ ಬರುವಷ್ಟರಲ್ಲಿ ಕಾಲು ಗಂಟೆ ಹಿಡಿಯಿತು. ಅಲಂಕಾರದ ಹುಡುಗ ದೀಪ ಯಾವಾಗ ಹಾಕಬೇಕೆಂದು ತಿಳಿಯದೆ ಎಲ್ಲವನ್ನೂ ಹಾಕಿಬಿಟ್ಟ. ತಂಗಿ ಇನ್ನೂ ಬಾಗಿಲಲ್ಲೇ ಇದ್ದಳು. ಕರೆಯಲು ಹೋದರೆ, "ಇನ್ನೂ ಜನ ಬರ್ತಿದಾರೆ, ನೀನು ಹೋಗು, ಪನ್ನೀರು ಮುಗೀತು, ಒಳಗಿಂದ ಇನ್ನೊಂದು ಬಾಟ್ಲಿ ಕಳಿಸು" ಎಂದಳು.